ಬೇಕೆಂದೇ ಎತ್ತಿದ ಹಲಗೆ

ಏಪ್ರಿಲ್ ತಿಂಗಳ ಎರಡನೆಯ ವಾರ ಕೋರ್ಟಿನ ಆಜ್ಞೆ ಅಂಚೆಯಲ್ಲಿ ಬಂತು. ಅದನ್ನು ಓದಿ ಹೇಳುವ ಕೆಲಸ ನನ್ನ ಪಾಲಿಗೆ ಬಿತ್ತು. ಅಜ್ಜನಿಗೆ ಒಂದು ಕಣ್ಣಿನ ಪೊರೆ ತೆಗೆದಿದ್ದರು, ಇನ್ನೊಂದಕ್ಕೆ ಆಗಸ್ಟಿನಲ್ಲಿ ದಿನ ಕೊಟ್ಟಿದ್ದರು. ಅಮ್ಮ ಶಾಲೆಯ ಅಡುಗೆಮನೆಯಲ್ಲಿ ಇನ್ನೂರು ಮಕ್ಕಳಿಗೆ ಬಡಿಸಿ ಬಂದವಳು, ಕಾಲು ಚಾಚಿ ಕೂತರೆ ಮತ್ತೆ ಏಳುತ್ತಿರಲಿಲ್ಲ. ನಾನು ಹಗಲು ಹಲ್ಲಿನ ಡಾಕ್ಟರ ಹತ್ತಿರ ಫೋನ್ ಎತ್ತುವವಳು. ವಾರಕ್ಕೆ ಮೂರು ಸಂಜೆ ಪಟ್ಟಣದ ಕಾಲೇಜಿಗೆ ಹೋಗಿ ವಕೀಲರ ಸಹಾಯಕರ ಪಾಠ ಕಲಿಯುತ್ತಿದ್ದೆ. ಆದ್ದರಿಂದ ಮನೆಗೆ ಯಾವ ಕಾಗದ ಬಂದರೂ ಅದು ನನ್ನ ಊಟದ ತಟ್ಟೆಯ ಪಕ್ಕದಲ್ಲಿರುತ್ತಿತ್ತು.

"ಓದು, ಲಾಯರಮ್ಮ," ಎಂದ ಅಜ್ಜ.

"ಲಾಯರ್ ಅಲ್ಲ ಅಜ್ಜ. ಲಾಯರಿಗೆ ಫೈಲ್ ಜೋಡಿಸಿಕೊಡೋಳು."

"ಏನೋ ಒಂದು. ಗಟ್ಟಿಯಾಗಿ ಓದು, ನಿನ್ನಜ್ಜಿಗೂ ಕೇಳಿಸಲಿ."

"ನನಗೇನೂ ಕೇಳಿಸಬೇಕಾಗಿಲ್ಲ," ಎಂದಳು ಅಜ್ಜಿ ಒಲೆಯ ಮುಂದಿನಿಂದ. "ಹತ್ತು ನಿಮಿಷದ ನೀರಿಗೆ ಎರಡು ವರ್ಷ ಕೋರ್ಟು. ಅಷ್ಟು ಹೊತ್ತು ಇಬ್ಬರೂ ಸುಮ್ನೆ ಉಗುಳ್ತಾ ಕೂತಿದ್ರೂ ಎರಡು ಹೊಲ ನೆನೀತಿತ್ತು."

ಜಗಳ ಪಕ್ಕದ ಹೊಲದ ಎರ್ಮಿನಿಯೊ ಲುಹಾನ್ ಜೊತೆ. ಊರ ಕಾಲುವೆಯ ನೀರು ನಮ್ಮೆರಡು ಹೊಲಗಳ ನಡುವಿನ ಒಂದು ತೂಬಿಗೆ ಬರುತ್ತದೆ. ಸಿಮೆಂಟಿನ ಸೀಳಿನಲ್ಲಿ ಒಂದು ಮರದ ಹಲಗೆ. ಅದನ್ನು ಎತ್ತಿದರೆ ನೀರು ಲುಹಾನರಿಗೆ, ಇಳಿಸಿದ್ದರೆ ನಮಗೆ. ನಮ್ಮ ಪಾಳಿ ಮಂಗಳವಾರ, ಅವರದು ಗುರುವಾರ. ಗುರುವಾರ ಬೆಳಗ್ಗೆ ಎರ್ಮಿನಿಯೊ ಬಂದು ಹಲಗೆ ಎತ್ತುವನು, ಸಂಜೆ ಇಳಿಸಿ ಹೋಗುವನು. ಅಜ್ಜ ಅದನ್ನು ಮುಟ್ಟುವ ಕಾರಣವೇ ಇರಲಿಲ್ಲ. ಆದರೆ ಇಪ್ಪತ್ತಾರು ವರ್ಷ ಊರ ನೀರುಗಂಟಿಯಾಗಿದ್ದವನ ಕೈ ಸುಮ್ಮನಿರಲಿಲ್ಲ. ಹಲಗೆ ಸೊಟ್ಟಗಿದೆ ಎಂದು ಅಲುಗಿಸುವನು, ಕಸ ಸಿಕ್ಕಿದೆ ಎಂದು ತೆಗೆದು ಹಾಕುವನು. ಹೀಗೆ ಮಾಡಿ ಮಾಡಿ ಹತ್ತು ನಿಮಿಷದ ನೀರು ಹೊಡೆಯುತ್ತಾನೆ ಎಂದು ಎರ್ಮಿನಿಯೊ ಕೋರ್ಟಿಗೆ ಹೋದ. ಇಬ್ಬರೂ ಒಂದೇ ವರ್ಷ ಹುಟ್ಟಿದವರು, ಒಂದೇ ಬೆಂಚಿನಲ್ಲಿ ಕೂತು ಓದಿದವರು. ಎರ್ಮಿನಿಯೊ ಗೆದ್ದ.

ನಾನು ಮೊದಲ ಪುಟ ಓದಿದೆ. ಎರಡನೆಯ ಪುಟದ ನಡುವಿಗೆ ಬಂದಿರಬೇಕು, ಒಲೆಯ ಮೇಲಿದ್ದ ಬೀನ್ಸ್ ಕಾಳು ಉಕ್ಕಿ ಬೆಂಕಿಯ ಮೇಲೆ ಸುರಿಯಿತು. ಅಜ್ಜಿ ಅಷ್ಟರಲ್ಲಿ ಹಿತ್ತಲಿಗೆ ಹೋಗಿದ್ದಳು. ನಾನೇ ಓಡಿ ಪಾತ್ರೆ ಇಳಿಸಿ ಒಲೆ ಒರೆಸಿದೆ. ಆಮೇಲೆ ಊಟ ಮಾಡಿದೆವು.

"ಹಾಗಾದ್ರೆ ನಾನು ಆ ಹಲಗೆ ಮುಟ್ಟೋ ಹಾಗಿಲ್ಲ," ಎಂದ ಅಜ್ಜ ಟೊರ್ಟಿಯಾ ರೊಟ್ಟಿ ಮುರಿಯುತ್ತ.

"ಹೂಂ ಅಜ್ಜ."

"ಸರಿ. ಮುಟ್ಟಲ್ಲ."

ಏಪ್ರಿಲ್, ಮೇ ಎರಡೂ ತಿಂಗಳು ಮುಟ್ಟಲಿಲ್ಲ. ತೂಬಿನ ಹತ್ತಿರ ಹೋಗಬೇಕಾದಾಗ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ಹೋಗುತ್ತಿದ್ದ. "ಪೊಲೀಸ್ ಹಿಡ್ಕೊಂಡು ಹೋಗೋನ ಥರ ನಡೀಬೇಡ, ನೋಡಿದವರು ಏನಂದ್ಕೋತಾರೆ," ಎಂದು ಅಜ್ಜಿ ಬೈದರೂ ಬಿಡಲಿಲ್ಲ.

ಜೂನ್ ತಿಂಗಳ ಒಂದು ಸೋಮವಾರ ಎರ್ಮಿನಿಯೊ ಟ್ರ್ಯಾಕ್ಟರ್ ಶೆಡ್ಡಿನಲ್ಲಿ ಕುಸಿದು ಸತ್ತ. ಬುಧವಾರ ಮಣ್ಣಾಯಿತು. ಅವನ ಮಗ ರೂಬೆನ್ ಆಲ್ಬುಕರ್ಕಿ ನಗರದಿಂದ ಬಂದ. ನಲವತ್ತರ ಹತ್ತಿರದ ಗಂಡಸು. ಹೈಸ್ಕೂಲಿಗೆಂದೇ ಅಲ್ಲಿ ಚಿಕ್ಕಮ್ಮನ ಮನೆಗೆ ಹೋದವನು ಹಿಂದಿರುಗಿರಲಿಲ್ಲ. ಒಂಬತ್ತು ದಿನ ಪ್ರಾರ್ಥನೆ ನಡೆಯಿತು. ಅಜ್ಜಿ ಮೂರು ಸಲ ಕೆಂಪು ಮೆಣಸಿನ ಸಾರು, ಎರಡು ಸಲ ಪಾಯಸ ಮಾಡಿ ಕಳಿಸಿದಳು. ಅಜ್ಜ ಪ್ರತಿ ಸಂಜೆ ಅವರ ಮನೆಗೆ ಹೋಗಿ ಹಿಂದಿನ ಸಾಲಿನಲ್ಲಿ ನಿಂತು ಜಪಮಾಲೆ ಮುಗಿಸಿ ಬರುತ್ತಿದ್ದ. ಎರ್ಮಿನಿಯೊನ ಹೆಂಡತಿ ಒರ್ಲಿಂಡಾ ಪರದೆ ಎಳೆದ ಕೋಣೆಯಿಂದ ಹೊರಗೆ ಬರಲಿಲ್ಲ. ನಮ್ಮ ಕಡೆ ಸಾವಿನ ಮನೆಯವರು ಒಂಬತ್ತು ದಿನ ಸಲಿಕೆ ಮುಟ್ಟುವುದಿಲ್ಲ.

ಅಷ್ಟಕ್ಕೇ ಮುಗಿಯಿತೆಂದು ನಾನು ಅಂದುಕೊಂಡಿದ್ದೆ. ಜುಲೈ ಮೊದಲ ವಾರ ಪೊಲೀಸ್ ಮುಖ್ಯಸ್ಥ ಶೆರಿಫನ ಕಚೇರಿಯ ಹುಡುಗನೊಬ್ಬ ಅಂಗಳಕ್ಕೆ ಬಂದು ಟೋಪಿ ತೆಗೆದ. ಅಮ್ಮನ ದೂರದ ಸಂಬಂಧಿ.

"ಕ್ಷಮಿಸಿ ತಾತ. ಇದಕ್ಕೊಂದು ಸಹಿ ಬೇಕು."

"ಏನಪ್ಪಾ ಇದು? ಮತ್ತೆ ನಿಮ್ಮ ಶೆರಿಫನಿಗೆ ಮತ ಕೇಳೋಕೆ ಬಂದಿರಾ?"

"ಅಲ್ಲ ತಾತ. ನ್ಯಾಯಾಂಗ ನಿಂದನೆ."

ರೂಬೆನ್ ತಂದೆಯ ಕೇಸಿಗೆ ತಾನು ವಾರಸುದಾರನಾಗಿ ಸೇರಿಕೊಂಡಿದ್ದ. ಅರ್ಜಿಯ ಜೊತೆ ಎರಡು ಫೋಟೋ ಇದ್ದವು. ಎರ್ಮಿನಿಯೊ ಬದುಕಿದ್ದಾಗ ತೂಬಿನೆದುರಿನ ಮರಕ್ಕೆ, ಬೇಟೆಯವರು ಜಿಂಕೆಗೆ ಕಟ್ಟುವಂಥ, ಅಲುಗಿದ್ದನ್ನು ತಾನೇ ಹಿಡಿಯುವ ಕ್ಯಾಮೆರಾ ಕಟ್ಟಿದ್ದನಂತೆ. ತಂದೆಯ ಸಾಮಾನು ತೆಗೆಯುವಾಗ ರೂಬೆನ್ ಅದನ್ನೂ ಮರದಿಂದ ಇಳಿಸಿದ. ಎರಡರಲ್ಲೂ ಅಜ್ಜ ಬೂಟು ಹಾಕಿ, ಸಲಿಕೆ ಪಕ್ಕಕ್ಕೆ ಊರಿ ಹಲಗೆ ಎತ್ತುತ್ತಿದ್ದ. ಎರಡೂ ಗುರುವಾರ. ಎರಡೂ ಆ ಒಂಬತ್ತು ದಿನಗಳ ಒಳಗಿನವು. 'ತಂದೆಯ ಗೋರಿಯ ಮಣ್ಣು ಇನ್ನೂ ಆರಿರಲಿಲ್ಲ, ಇವರು ನೀರು ಕದ್ದರು' ಎಂಬ ಅರ್ಥದ ಒಂದು ಸಾಲು ಅರ್ಜಿಯಲ್ಲಿತ್ತು.

ನಾನು ಅದನ್ನು ಓದುವಾಗ ಅಮ್ಮ ಕುರ್ಚಿಯಿಂದ ಎದ್ದು ನಿಂತಳು.

"ಅಪ್ಪಾ, ನೀನು ಮುಟ್ಟಿದ್ಯಾ?"

"ಫೋಟೋದಲ್ಲಿ ಇದೆಯಲ್ಲ."

"ಯಾಕೆ ಮುಟ್ಟಿದೆ?"

ಅಜ್ಜ ಚೂರಿಯಿಂದ ಸೇಬು ಹೆಚ್ಚುತ್ತಿದ್ದ. ಒಂದು ಹೋಳು ನನ್ನ ತಟ್ಟೆಗೆ ಹಾಕಿದ. ಉತ್ತರ ಕೊಟ್ಟಿದ್ದು ಅಜ್ಜಿ.

"ಯಾಕೆ ಅಂದ್ರೆ ಏನೇ ಬರ್ನಡೆಟ್? ಗುರುವಾರ ಯಾರ ಪಾಳಿ? ಸಾವಿನ ಮನೆಯವರು ಸಲಿಕೆ ಹಿಡೀತಾರಾ? ಅವರ ಹೊಲಕ್ಕೆ ನೀರು ಬಿಟ್ಟು ಬಂದ. ನಿನ್ನ ತಾತ ಸತ್ತಾಗ ನಮ್ಮ ಹೊಲಕ್ಕೆ ಯಾರು ಬಿಟ್ರು? ಇದೇ ಎರ್ಮಿನಿಯೊ."

"ಬೇರೆ ಯಾರೂ ಇರ್ಲಿಲ್ವಾ?"

"ಯಾರಿದ್ದಾರೆ?" ಎಂದ ಅಜ್ಜ. "ಆ ದಂಡೆ ಮೇಲೆ ಉಳಿದಿರೋದು ನಾಲ್ಕು ಮನೆ. ಒಬ್ಬಳಿಗೆ ತೊಂಬತ್ತೊಂದು. ಇನ್ನೊಬ್ಬ ಊರಲ್ಲೇ ಇಲ್ಲ. ಈಗಿನ ನೀರುಗಂಟಿ ಐದು ಗಂಟೆಗೆ ಕೆಲಸದಿಂದ ಬರೋನು."

ನನಗೆ ಆಗ ಹೊಳೆಯಿತು. ಗುರುವಾರ ಹಲಗೆ ಇಳಿದೇ ಇದ್ದಿದ್ದರೆ ನೀರು ನಮ್ಮ ಹೊಲಕ್ಕೇ ಬರುತ್ತಿತ್ತು. ಆಜ್ಞೆ ಪಾಲಿಸಿ ಮನೆಯಲ್ಲಿ ಕೂತಿದ್ದರೆ ಅವರ ನೀರು ಕುಡಿದವರು ನಾವಾಗುತ್ತಿದ್ದೆವು.

"ಮತ್ತೇನು, ಇದನ್ನೇ ಹೇಳಿದ್ರಾಯ್ತು!" ಎಂದಳು ಅಮ್ಮ. "ಈಗಲೇ ಆ ರೂಬೆನ್‌ಗೆ ಫೋನ್ ಮಾಡ್ತೀನಿ."

"ಮಾಡಬೇಡ."

"ಯಾಕಪ್ಪಾ?"

"ಅದು ಹೇಳಿಕೊಳ್ಳೋ ಕೆಲಸ ಅಲ್ಲ. ಮಾಡಿದವರು ಹೇಳಲ್ಲ, ಮನೆಯವರು ಕೇಳಲ್ಲ. ಅದು ಹಾಗೇ." ಅಜ್ಜ ಚೂರಿ ಮಡಚಿದ. "ಮತ್ತೆ, ಆ ಹುಡುಗನ ಎದುರಿಗೆ ನಿಂತು ಏನಂತ ಹೇಳಲಿ? ಇದು ನಿನಗೆ ಗೊತ್ತಿಲ್ಲ, ನಿನ್ನಪ್ಪ ನಿನಗೆ ಏನೂ ಕಲಿಸ್ಲಿಲ್ಲ ಅಂತಲಾ? ಅಪ್ಪ ಸತ್ತು ತಿಂಗಳಾಗಿಲ್ಲ."

"ಅವನು ನಿನ್ನನ್ನ ಕಳ್ಳ ಅಂದ!"

"ಅವನಿಗೆ ದುಃಖ ಆಗಿದೆ. ಅನ್ನಲಿ ಬಿಡು."

"ಜೈಲಿಗೆ ಹಾಕಿದ್ರೆ? ದಿನಾ ಮೂರು ಹೊತ್ತು ಇನ್ಸುಲಿನ್ ಯಾರು ಚುಚ್ತಾರೆ? ಶೆರಿಫ್ ಚುಚ್ತಾನಾ?"

"ಆ ಶೆರಿಫನ ಹುಡುಗ ಒಳ್ಳೆಯವನು, ಚುಚ್ಚಿದ್ರೂ ಚುಚ್ಚಿಯಾನು," ಎಂದು ಅಜ್ಜ ಹೊರಗೆ ಹೋದ.

ಅಮ್ಮ ಬಾಗಿಲನ್ನು ಎರಡು ಸಲ ಹಾಕಿದಳು, ಮೊದಲನೆಯ ಸಲ ಸದ್ದು ಸಾಕಾಗಲಿಲ್ಲವೆಂದು.

ಬಡವರಿಗೆ ಉಚಿತವಾಗಿ ಕೇಸು ನಡೆಸುವ ಕಚೇರಿಯೊಂದು ಪಟ್ಟಣದಲ್ಲಿದೆ. ಅಲ್ಲಿ ಹೋಲ್ಡೆನ್ ಎಂಬ ವಕೀಲ ಸಿಕ್ಕಿದ. ಉತ್ತರದ ಕಡೆಯವನು, ಗಡ್ಡ ಇನ್ನೂ ಸರಿಯಾಗಿ ತುಂಬಿರಲಿಲ್ಲ. ನಾವು ಮೂವರು ಹೆಂಗಸರು ಅವನ ಮೇಜಿನೆದುರು ಕೂತೆವು. ಅಜ್ಜ ಐದು ನಿಮಿಷ ಕೂತವನು, ಕಿಟಕಿಯಾಚೆ ಉರಿಬಿಸಿಲಿನಲ್ಲಿ ಹುಲ್ಲಿಗೆ ನೀರು ಚಿಮ್ಮುವುದನ್ನು ನೋಡಲಾರದೆ, ಯಾರಿಗೆ ಹೇಳಿ ನಿಲ್ಲಿಸಬೇಕೆಂದು ಕೇಳಲು ಎದ್ದು ಹೋದ.

"ಅವರು ಮೂರು ವಿಷಯ ಸಾಬೀತು ಮಾಡಬೇಕು," ಎಂದ ಹೋಲ್ಡೆನ್. ಅವು ನನ್ನ ನೋಟ್ ಪುಸ್ತಕದಲ್ಲೂ ಇದ್ದವು. "ಒಂದು, ಆಜ್ಞೆ ಏನು ಅಂತ ಇವರಿಗೆ ಗೊತ್ತಿತ್ತು. ಎರಡು, ಪಾಲಿಸೋಕೆ ಸಾಧ್ಯ ಇತ್ತು. ಮೂರು, ಬೇಕು ಅಂತಲೇ ಮುರಿದರು. ಎರಡನೇದು ಬಿಡಿ, ಹಲಗೆ ಮುಟ್ಟದೇ ಇರೋಕೆ ಯಾರಿಗೂ ಆಗತ್ತೆ. ಮೂರನೇದು ಫೋಟೋದಲ್ಲಿದೆ. ಉಳಿಯೋದು ಮೊದಲನೇದು. ಆಜ್ಞೆ ಅಂಚೆಯಲ್ಲಿ ಬಂದಿದೆ. ಇವರಿಗೆ ಕಣ್ಣು ಸರಿಯಿಲ್ಲ. ಓದಿ ಹೇಳಿದವರು ಯಾರು?"

ಅಮ್ಮ, ಅಜ್ಜಿ ಇಬ್ಬರೂ ನನ್ನ ಕಡೆ ತಿರುಗಿದರು.

"ಪೂರ್ತಿ ಓದಿದ್ರಾ?"

ಬೀನ್ಸ್ ಉಕ್ಕಿದ್ದು ನೆನಪಾಯಿತು. ಪಾತ್ರೆ ಇಳಿಸಿದ್ದು, ಒಲೆ ಒರೆಸಿದ್ದು ನೆನಪಿತ್ತು. ಮತ್ತೆ ಬಂದು ಕಾಗದ ಕೈಗೆತ್ತಿಕೊಂಡೆನೇ? ಅವರ ಪಾಳಿಯ ನೀರಿಗೆ ಕೈ ಹಾಕಬಾರದೆಂದಷ್ಟೇ ಮೊದಲ ಪುಟದಲ್ಲಿತ್ತು; ತೂಬಿನ ವಿವರ ಇದ್ದದ್ದು ಎರಡನೆಯ ಪುಟದ ಕೆಳಗಿನ ಅರ್ಧದಲ್ಲಿ. 'ಯಾವ ಕಾರಣಕ್ಕೂ, ಯಾರ ಪರವಾಗಿಯೂ ಮುಟ್ಟಕೂಡದು' ಎಂದಿದ್ದದ್ದೂ ಅಲ್ಲೇ.

"ನನಗೆ ಖಚಿತ ಇಲ್ಲ," ಎಂದೆ.

ಹೋಲ್ಡೆನ್ ಪೆನ್ನು ಎತ್ತಿಕೊಂಡು ಅದನ್ನು ಬರೆದುಕೊಂಡ. ಅವನಿಗೆ ಸಂತೋಷವಾದದ್ದು ಕಾಣುತ್ತಿತ್ತು. ಎದುರು ಪಕ್ಷದವರು ನನ್ನನ್ನೇ ಸಾಕ್ಷಿ ಕರೆಸುತ್ತಾರೆ, ಆಗ ಇದ್ದದ್ದು ಇದ್ದ ಹಾಗೆ ಹೇಳಿದರೆ ಸಾಕು ಎಂದ.

ಆಮೇಲಿನ ಎರಡು ವಾರ ಮನೆಯಲ್ಲಿ ಅದೇ ಮಾತು. ಅಜ್ಜ ಹೊಲದಲ್ಲಿರುವಾಗ, ಅಜ್ಜಿ ನನ್ನನ್ನು ಮೆಣಸಿನಕಾಯಿ ಸುಡಲು ಕೂರಿಸಿಕೊಂಡು ಶುರುಮಾಡುವಳು.

"ಎರಡನೇ ಪುಟ ಓದ್ಲಿಲ್ಲ ಅಂದ್ಬಿಡು ಸೇಲಾ. ಅಷ್ಟೇ ತಾನೇ?"

"ಅದು ಸುಳ್ಳಾಗತ್ತೆ ಅಜ್ಜಿ."

"ನೆನಪಿಲ್ಲ ಅಂತ ನೀನೇ ಹೇಳ್ತೀಯ. ನೆನಪಿಲ್ಲದೇ ಇರೋದು ಸುಳ್ಳು ಹೇಗಾಗತ್ತೆ?"

"ನೆನಪಿಲ್ಲ ಅನ್ನೋದು ಬೇರೆ, ಓದ್ಲಿಲ್ಲ ಅನ್ನೋದು ಬೇರೆ."

"ಆ ಕಾಲೇಜಿನವರು ನಿನಗೆ ಇದನ್ನೇ ಕಲಿಸಿದ್ದು ನೋಡು. ಒಂದು ಮಾತನ್ನ ಎರಡು ಮಾಡೋದು. ಅಜ್ಜನ್ನ ಉಳಿಸೋದು ಕಲಿಸ್ಲಿಲ್ಲ."

"ಅಮ್ಮಾ, ಅವಳನ್ನ ಬಿಡು," ಎನ್ನುವಳು ಅಮ್ಮ. "ಬಾಯಿ ಬಿಡಬೇಕಾದೋನು ಅಪ್ಪ."

"ನಿನ್ನಪ್ಪ ಬಾಯಿ ಬಿಡೋದು ಊಟಕ್ಕೆ ಮಾತ್ರ. ಇವತ್ತಿಂದ ಅದಕ್ಕೂ ಬಿಡದ ಹಾಗೆ ಮಾಡ್ತೀನಿ."

ಹೇಳಿದಂತೆಯೇ ಮಾಡಿದಳು. ಮೂರು ದಿನ ಅಜ್ಜನಿಗೆ ಉಪ್ಪಿಲ್ಲದ ಬೀನ್ಸ್, ನಿನ್ನೆಯ ಟೊರ್ಟಿಯಾ ಬಡಿಸಿದಳು. ಅಜ್ಜ ತಟ್ಟೆ ಒರೆಸಿ ತಿಂದು, "ಜೈಲೂಟ ಅಭ್ಯಾಸ ಮಾಡಿಸ್ತಿದ್ದೀಯ, ಒಳ್ಳೇದಾಯ್ತು," ಎಂದ. ನಾಲ್ಕನೆಯ ದಿನ ಸಕ್ಕರೆ ಕಡಿಮೆಯಾಗಿ ಅವನ ಕೈ ನಡುಗಿತು. ಅಜ್ಜಿ ತಾನೇ ಹೆದರಿ ಎರಡು ಮೊಟ್ಟೆ ಕರಿದು ಹಾಕಿದಳು, ಬೈಯುತ್ತಲೇ.

ನನಗೆ ನಿದ್ದೆ ಸರಿಯಾಗಿ ಬರುತ್ತಿರಲಿಲ್ಲ. ಕಾಗದ ತೆಗೆದು ಎರಡನೆಯ ಪುಟದ ಮೇಲೆ ಒದ್ದೆ ಕೈಯ ಗುರುತಿದೆಯೇ ಎಂದು ಬೆಳಕಿಗೆ ಹಿಡಿದು ನೋಡಿದೆ. ಇರಲಿಲ್ಲ. ಆದರೆ ಒರೆಸಿಕೊಂಡ ಕೈಯಲ್ಲಿ ಹಿಡಿದಿದ್ದರೆ ಗುರುತು ಹೇಗಿರುತ್ತದೆ? ಓದಿದ್ದೆ ಎಂದು ಒಮ್ಮೆ ಅನಿಸುತ್ತಿತ್ತು; ಮೂರು ತಿಂಗಳಲ್ಲಿ ಅದೇ ಕಾಗದವನ್ನು ಎಷ್ಟು ಸಲ ಓದಿದ್ದೆನೆಂದರೆ ಯಾವುದು ಆ ದಿನದ್ದು ಎಂದು ಹೇಳಲಾಗುತ್ತಿರಲಿಲ್ಲ. ಮರೆತದ್ದು ನಿಜವೇ, ಅಥವಾ ಮರೆತರೆ ಅನುಕೂಲವೆಂದು ಮರೆತೆನೇ? ಅಜ್ಜನನ್ನೇ ಕೇಳಬಹುದಿತ್ತು. ಕೇಳಿದರೆ ಅವನು ಉತ್ತರ ಹೇಳಿಬಿಡುತ್ತಾನೆ, ಆಮೇಲೆ 'ನನಗೆ ಖಚಿತವಿಲ್ಲ' ಎನ್ನಲು ಬರುವುದಿಲ್ಲ. ಅದಕ್ಕೇ ಕೇಳಲಿಲ್ಲ. ಅದು ಪ್ರಾಮಾಣಿಕವಾಗಿತ್ತು ಎಂದು ಈಗಲೂ ಹೇಳಲಾರೆ.

ವಿಚಾರಣೆ ಜುಲೈ ಕೊನೆಯ ಮಂಗಳವಾರ ಬೆಳಗ್ಗೆ ಹತ್ತಕ್ಕೆ. ಅದು ನಮ್ಮ ನೀರಿನ ದಿನ. ಅಮ್ಮ ಬೂಟು ಹಾಕಿಕೊಂಡು ಹೊಲದಲ್ಲಿ ಉಳಿದಳು. ಅಜ್ಜಿ ಅಜ್ಜನ ಇನ್ಸುಲಿನ್ ಡಬ್ಬಿ, ಕಾಳು ತುಂಬಿ ಸುತ್ತಿದ ಆರು ಬುರಿತೊ, ಒಂದು ಜೊತೆ ಒಳಬಟ್ಟೆ ಚೀಲಕ್ಕೆ ಹಾಕಿಕೊಂಡಳು.

"ಒಳಬಟ್ಟೆ ಯಾಕೆ?" ಎಂದ ಅಜ್ಜ.

"ಯಾಕೆ ಅಂತ ಜಡ್ಜ್ ಹೇಳ್ತಾರೆ."

ಕೋರ್ಟಿನಲ್ಲಿ ರೂಬೆನ್ ತನ್ನ ವಕೀಲೆಯ ಪಕ್ಕ ಕೂತಿದ್ದ. ಹಿಂದಿನ ಬೆಂಚಿನಲ್ಲಿ ಒರ್ಲಿಂಡಾ ಕಪ್ಪು ಉಡುಪಿನಲ್ಲಿ ಒಬ್ಬಳೇ ಇದ್ದಳು. ಒಂದೂವರೆ ತಿಂಗಳಲ್ಲಿ ತುಂಬ ಇಳಿದುಹೋಗಿದ್ದಳು. ಅಜ್ಜಿ ಅವಳಿಗೆ ತಲೆ ಬಾಗಿಸಿದಳು, ಅವಳೂ ಬಾಗಿಸಿದಳು. ನ್ಯಾಯಾಧೀಶೆ ಅರವತ್ತರ ಹೆಂಗಸು. ಕೋರ್ಟಿನ ಭಾಷೆ ನಮ್ಮ ಮನೆಮಾತಲ್ಲ; ಅಜ್ಜನಿಗೆ ದುಭಾಷಿ ಬೇಕೇ ಎಂದು ಕೇಳಿದರು.

"ಬೇಡಮ್ಮ. ನನಗೆ ಭಾಷೆ ಎರಡಿದೆ, ಕಣ್ಣು ಮಾತ್ರ ಒಂದು."

ನನ್ನನ್ನೇ ಮೊದಲು ಕರೆದರು. ಪ್ರಮಾಣ ಮಾಡಿದೆ. ರೂಬೆನ್‌ನ ವಕೀಲೆ ನಯವಾಗಿಯೇ ಕೇಳಿದಳು.

"ಏಪ್ರಿಲಿನಲ್ಲಿ ಈ ಆಜ್ಞೆಯನ್ನ ನಿಮ್ಮ ಅಜ್ಜನಿಗೆ ನೀವು ಓದಿ ಹೇಳಿದ್ರಾ?"

"ಹೌದು."

"ಎರಡೂ ಪುಟ?"

"ಮೊದಲನೇ ಪುಟ ಖಂಡಿತ. ಎರಡನೇದನ್ನ ಓದ್ತಾ ಇದ್ದಾಗ ಒಲೆ ಮೇಲೆ ಬೀನ್ಸ್ ಉಕ್ಕಿತು. ಎದ್ದು ಹೋದೆ. ಮತ್ತೆ ಬಂದು ಪೂರ್ತಿ ಮಾಡಿದೆನಾ ಅಂತ ನನಗೆ ಖಚಿತ ಇಲ್ಲ. ಮಾಡಿರಬಹುದು. ಮಾಡದೇನೂ ಇರಬಹುದು."

"ಇದನ್ನ ಹೀಗೆ ಹೇಳು ಅಂತ ಯಾರಾದ್ರೂ ಹೇಳಿಕೊಟ್ರಾ?"

"ಓದಲಿಲ್ಲ ಅಂತ ಹೇಳು ಅಂದ್ರು. ಅದನ್ನ ನಾನು ಹೇಳ್ತಿಲ್ಲ."

"ಯಾರು ಅಂದಿದ್ದು?" ಎಂದರು ನ್ಯಾಯಾಧೀಶೆ.

"ನಾನೇ ತಾಯಿ," ಎಂದಳು ಅಜ್ಜಿ ಬೆಂಚಿನಿಂದ. "ಅವಳು ಕೇಳಲಿಲ್ಲ. ನನ್ನ ಮಾತು ನಮ್ಮ ಮನೆಯಲ್ಲಿ ಯಾರು ಕೇಳ್ತಾರೆ?"

ಕೋರ್ಟಿನ ಗುಮಾಸ್ತೆ ಬಾಯಿಗೆ ಕೈ ಅಡ್ಡ ಹಿಡಿದಳು. ನ್ಯಾಯಾಧೀಶೆ ಅಜ್ಜಿಯನ್ನು ಎಚ್ಚರಿಸಿ ನನ್ನನ್ನು ಕಳಿಸಿದರು. ಹೋಲ್ಡೆನ್ ಎದ್ದು, ಆಜ್ಞೆಯ ಮುಖ್ಯ ಭಾಗ ಇವರಿಗೆ ತಿಳಿದಿತ್ತೆಂಬುದಕ್ಕೆ ಪುರಾವೆಯಿಲ್ಲ, ತಿಳಿಯದ ಆಜ್ಞೆಯನ್ನು ಬೇಕೆಂದು ಮುರಿಯಲಾಗದು, ಅರ್ಜಿ ವಜಾ ಆಗಬೇಕು ಎಂದ. ರೂಬೆನ್‌ನ ವಕೀಲೆ ಫೈಲು ತಿರುವಿ ಹಾಕುತ್ತಿದ್ದಳು. ಗೆದ್ದೆವು ಎಂದೇ ನನಗೆ ಅನಿಸಿತು.

ಅಜ್ಜ ಎದ್ದು ನಿಂತ.

"ಅವಳು ಓದಿದಳು," ಎಂದ.

"ಮಿಸ್ಟರ್ ಆರ್ಚುಲೆಟಾ, ಕೂತ್ಕೊಳ್ಳಿ," ಎಂದು ಹೋಲ್ಡೆನ್ ಅವನ ತೋಳು ಹಿಡಿದ. "ನೀವು ಮಾತಾಡಬೇಕಾಗಿಲ್ಲ. ಅದು ನಿಮ್ಮ ಹಕ್ಕು."

"ಗೊತ್ತಪ್ಪಾ. ಆದ್ರೆ ಈ ಹುಡುಗಿ ಮೂರು ವರ್ಷದಿಂದ ಹಗಲು ದುಡಿದು ಸಂಜೆ ಓದ್ತಿದ್ದಾಳೆ. ಒಂದು ಕಾಗದ ಸರಿಯಾಗಿ ಓದೋಕೆ ಬರಲ್ಲ ಅಂತ ಇಲ್ಲಿ ಬರೆದುಕೊಳ್ತಿದ್ದೀರಿ. ಅದು ಸರಿಯಲ್ಲ."

ನ್ಯಾಯಾಧೀಶೆ ಅವನಿಗೆ ಸುಮ್ಮನಿರುವ ಹಕ್ಕಿನ ಬಗ್ಗೆ ಇನ್ನೊಮ್ಮೆ ವಿವರಿಸಿದರು. ಆಮೇಲೂ ಅವನು ಪ್ರಮಾಣ ಮಾಡಿದ.

"ಬೀನ್ಸ್ ಉಕ್ಕಿತು, ನಿಜ. ಒಲೆ ಒರೆಸಿ ಬಂದಳು. ಎಲ್ಲಿ ನಿಲ್ಲಿಸಿದ್ದಳೋ ಆ ಸಾಲಿಂದಲೇ ಶುರುಮಾಡಿದಳು. 'ಯಾವ ಕಾರಣಕ್ಕೂ, ಯಾರ ಪರವಾಗಿಯೂ' ಅಂತ ಇತ್ತು. ಕೆಳಗಿನ ತಾರೀಖನ್ನೂ ಬಿಡದೆ ಓದಿದಳು. ನನಗೆ ಅರ್ಥ ಆಯ್ತು."

"ಗೊತ್ತಿದ್ದೂ ಹಲಗೆ ಎತ್ತಿದ್ರಾ?" ಎಂದರು ನ್ಯಾಯಾಧೀಶೆ.

"ಎತ್ತಿದೆ."

"ತಿಳಿಯದೆ, ಮರೆತು ಅಲ್ಲ?"

"ಅರವತ್ತು ವರ್ಷದಿಂದ ಎತ್ತಿ ಇಳಿಸಿದ ಹಲಗೆ ತಾಯಿ. ಮರೆತು ಎತ್ತೋಕೆ ಆಗಲ್ಲ. ಬೇಕು ಅಂತಲೇ ಎತ್ತಿದೆ."

ಅಜ್ಜಿ ಕಣ್ಣು ಮುಚ್ಚಿಕೊಂಡಳು. ಹೋಲ್ಡೆನ್ ಪೆನ್ನಿಗೆ ಮುಚ್ಚಳ ಹಾಕಿದ. ಹೀಗೆ ಆ ಮೂರನ್ನೂ, ಯಾರೂ ಸಾಬೀತು ಮಾಡಲಾಗದ ಹೊತ್ತಿನಲ್ಲಿ, ಅಜ್ಜ ತಾನೇ ಸಾಬೀತು ಮಾಡಿದ.

"ಯಾಕೆ ಎತ್ತಿದ್ರಿ?" ಎಂದರು ನ್ಯಾಯಾಧೀಶೆ.

ಅಜ್ಜ ಕೈಯಲ್ಲಿದ್ದ ಟೋಪಿಯ ಒಳಗೆ ಕಣ್ಣಿಟ್ಟ.

ರೂಬೆನ್‌ನ ವಕೀಲೆ ಫೋಟೋಗಳನ್ನು ಗೋಡೆಯ ಪರದೆಯ ಮೇಲೆ ದೊಡ್ಡದಾಗಿ ತೋರಿಸಿದಳು. ತಾರೀಖು, ವೇಳೆ, ಬೂಟು, ಸಲಿಕೆ. "ಎರಡು ಗುರುವಾರ. ತಂದೆಯ ಪ್ರಾರ್ಥನೆ ನಡೀತಿದ್ದ ದಿನಗಳು. ಮನೆಯವರು ಯಾರೂ ಹೊರಗೆ ಬರಲ್ಲ ಅಂತ ಗೊತ್ತಿದ್ದೇ ಇವರು..."

"ರೂಬೆನ್," ಎಂದಳು ಒರ್ಲಿಂಡಾ. ಧ್ವನಿ ಸಣ್ಣದಾಗಿತ್ತು, ಆದರೂ ವಕೀಲೆ ನಿಲ್ಲಿಸಿದಳು. "ಈ ಫೋಟೋ ನನಗೆ ನೀನು ತೋರಿಸಿರ್ಲಿಲ್ಲ."

"ಅಮ್ಮಾ, ನಿನಗೆ ಬೇಜಾರಾಗತ್ತೆ ಅಂತ..."

"ಹಲಗೆ ಮೇಲಿದೆ."

"ಅದೇ ಅಮ್ಮಾ. ಎತ್ತಿದ್ದಾರೆ."

"ಎತ್ತಿದ್ರೆ ನೀರು ಎಲ್ಲಿಗೆ ಹೋಗತ್ತೆ?"

ರೂಬೆನ್ ಪರದೆಯತ್ತ ನೋಡಿದ. ನಿಜಕ್ಕೂ ಅವನಿಗೆ ಗೊತ್ತಿರಲಿಲ್ಲ. ಹದಿನಾಲ್ಕನೆಯ ವಯಸ್ಸಿನಲ್ಲಿ ಊರು ಬಿಟ್ಟವನು.

"ನಮ್ಮ ಹೊಲಕ್ಕೆ ಕಣೋ," ಎಂದಳು ಒರ್ಲಿಂಡಾ. "ಆಮೇಲೆ ನಾನೇ ಎತ್ತಿದೆ. ಆ ಒಂಬತ್ತು ದಿನ ನಮ್ಮ ಬೀನ್ಸಿಗೆ ನೀರು ಬಿಟ್ಟವರು ಯಾರು ಅಂದ್ಕೊಂಡೆ?"

"ಅದು... ನಾನು ಆ ಕಡೆ ನೋಡ್ಲೇ ಇಲ್ಲ ಅಮ್ಮಾ."

"ನಮ್ಮ ರೀತಿ ಗೊತ್ತಿಲ್ಲದೆ ನೀನೇ ಸಲಿಕೆ ಹಿಡಿದೆ ಅಂದ್ಕೊಂಡಿದ್ದೆ."

ಅಜ್ಜ ತನ್ನ ಟೋಪಿಯ ಅಂಚನ್ನು ತಿರುಗಿಸುತ್ತ ನಿಂತಿದ್ದ. ಯಾರೋ ಅವನ ಬಟ್ಟೆ ಬಿಚ್ಚಿದಂತೆ ನಾಚಿದ್ದ. ಹೋಲ್ಡೆನ್ ನನ್ನ ಕಡೆ ಬಗ್ಗಿ, "ಇದನ್ನ ನನಗೆ ಯಾಕೆ ಹೇಳ್ಲಿಲ್ಲ?" ಎಂದು ಪಿಸುಗುಟ್ಟಿದ. "ಅದು ಹೇಳಿಕೊಳ್ಳೋ ಕೆಲಸ ಅಲ್ಲ ಅಂದಿದ್ದ ಅಜ್ಜ," ಎಂದೆ.

ನ್ಯಾಯಾಧೀಶೆ ಕನ್ನಡಕ ತೆಗೆದಿಟ್ಟರು. "ನೀರು ಯಾವ ಕಡೆ ಹೋಯ್ತು ಅನ್ನೋದು ಆಜ್ಞೆಯಲ್ಲಿಲ್ಲ. ಮುಟ್ಟಬಾರದು ಅಂತ ಇದೆ, ಮುಟ್ಟಿದ್ದಾರೆ. ಒಳ್ಳೇ ಮನಸ್ಸಿಂದ ಮುರಿದರೂ ಮುರಿದದ್ದೇ." ಅವರು ಒರ್ಲಿಂಡಾಳ ಕಡೆ ತಿರುಗಿದರು. "ಆದರೆ ಅರ್ಜಿ ನಿಮ್ಮ ಮನೆಯದು. ಹಿಂದೆ ತಗೊಳ್ಳೋದಾದರೆ ತಗೊಳ್ಳಬಹುದು."

"ಅಮ್ಮಾ, ವಾಪಸ್ ತಗೊಳ್ಳೋಣ," ಎಂದ ರೂಬೆನ್. ಅವನ ಕಿವಿ ಕೆಂಪಾಗಿತ್ತು.

ಒರ್ಲಿಂಡಾ ಮುಂದಿನ ಬೆಂಚು ಹಿಡಿದು ಎದ್ದು ನಿಂತಳು.

"ಬೇಡ," ಎಂದಳು. "ಆ ಕಾಗದಕ್ಕೆ ನನ್ನ ಗಂಡ ಎರಡು ವರ್ಷ ಓಡಾಡಿದ. ಅವನು ಗೆದ್ದಿದ್ದು ಅದೊಂದೇ. ಅದನ್ನ ಮುರಿದರೆ ಏನೂ ಆಗಲ್ಲ ಅಂತ ಆಗಬಾರದು. ಅಲ್ಲಿ ನಿಂತಿರೋ ಫಿದೆನ್ಸಿಯೊಗೂ ಗೊತ್ತು."

ಅಜ್ಜಿ ನನ್ನ ಮಣಿಕಟ್ಟು ಹಿಡಿದು ಹಿಸುಕಿದಳು. ಅಜ್ಜ ಮಾತ್ರ ತಲೆಯಾಡಿಸಿದ. "ಅವಳು ಹೇಳೋದು ಸರಿ," ಎಂದ.

"ಹಾಗಾದರೆ ಒಂದು ಮಾತು ಕೊಡಿ," ಎಂದರು ನ್ಯಾಯಾಧೀಶೆ. "ಇನ್ನು ಮುಂದೆ ಆ ಹಲಗೆ ಮುಟ್ಟಲ್ಲ ಅಂತ. ಶಿಕ್ಷೆ ಇಲ್ಲದೇ ಮುಗಿಸ್ತೀನಿ."

ಹೂಂ ಅನ್ನು, ಹೂಂ ಅನ್ನು ಎಂದು ಅಜ್ಜಿ ಗೊಣಗುತ್ತಿದ್ದುದು ನನಗೆ ಕೇಳಿಸುತ್ತಿತ್ತು.

"ಆಗಲ್ಲ ತಾಯಿ," ಎಂದ ಅಜ್ಜ. "ದಂಡೆಯ ಮೇಲೆ ಎಲ್ಲರೂ ಮುದುಕರು. ಇನ್ನು ಯಾರೂ ಸಾಯಬಾರದು ಅಂತ ನೀವು ಆಜ್ಞೆ ಮಾಡಿದ್ರೆ ನಾನೂ ಮಾತು ಕೊಡ್ತೀನಿ. ಸುಳ್ಳು ಮಾತು ಕೊಟ್ಟು ಹೋಗಿ ಮತ್ತೆ ಮುಟ್ಟೋದಕ್ಕಿಂತ ಈಗಲೇ ಹೇಳೋದು ಮೇಲು."

ನ್ಯಾಯಾಧೀಶೆ ಬಹಳ ಹೊತ್ತು ಏನೋ ಬರೆದರು. ಆಮೇಲೆ ಓದಿದರು. ಫಿದೆನ್ಸಿಯೊ ಆರ್ಚುಲೆಟಾ ಅವರು ಆಜ್ಞೆಯನ್ನು ತಿಳಿದು, ಉದ್ದೇಶಪೂರ್ವಕವಾಗಿ ಉಲ್ಲಂಘಿಸಿದ್ದಾರೆ. ಈ ದಿನ ಕೋರ್ಟು ಮುಗಿಯುವವರೆಗೆ ಇದೇ ಕೋಣೆಯಲ್ಲಿ ಬಂಧನದಲ್ಲಿರಬೇಕು. ಆಜ್ಞೆ ಹಾಗೇ ಉಳಿಯುತ್ತದೆ.

"ಎಷ್ಟು ಹೊತ್ತಿಗೆ ಮುಗಿಯತ್ತೆ?" ಎಂದಳು ಅಜ್ಜಿ.

"ಐದಕ್ಕೆ."

"ಹಾಗಾದ್ರೆ ಮಧ್ಯಾಹ್ನ ಹನ್ನೆರಡೂವರೆಗೆ ಇನ್ಸುಲಿನ್, ಅದರ ಹಿಂದೆಯೇ ಊಟ. ನಾನು ಇಲ್ಲೇ ಕೊಡ್ತೀನಿ. ಅದಕ್ಕೆ ಬೇರೆ ಕಾಗದ ಬೇಕಾ?"

"ಬೇಡ," ಎಂದರು ನ್ಯಾಯಾಧೀಶೆ.

ಅಜ್ಜ ಬಲಗಡೆ ಮೊದಲ ಬೆಂಚಿನಲ್ಲಿ ಕೂತ. ಮುಂದಿನ ಕೇಸುಗಳು ಶುರುವಾದವು, ಬೇಲಿ ದಾಟಿದ ಕುದುರೆಯದೊಂದು, ಬಾಡಿಗೆ ಮನೆಯದೊಂದು. ನಾನು ಹೊರಗೆ ಹೋಗಿ ಅಮ್ಮನಿಗೆ ಫೋನ್ ಮಾಡಿದೆ. ಅಮ್ಮ ಒಂದು ನಿಮಿಷ ನಕ್ಕಳೋ ಅತ್ತಳೋ ತಿಳಿಯಲಿಲ್ಲ. ಹಿಂದೆ ನೀರಿನ ಸದ್ದು ಕೇಳುತ್ತಿತ್ತು. ಒಳಗೆ ಬಂದಾಗ ರೂಬೆನ್ ಬಾಗಿಲ ಹತ್ತಿರ ಕಾರಿನ ಕೀ ಹಿಡಿದು ನಿಂತಿದ್ದ.

"ಬಾ ಅಮ್ಮಾ, ಮುಗೀತಲ್ಲ."

"ಐದಕ್ಕೆ ಮುಗಿಯತ್ತೆ ಅಂದ್ರಲ್ಲ," ಎಂದಳು ಒರ್ಲಿಂಡಾ. "ನೀನು ಬೇಕಾದ್ರೆ ಹೋಗು."

ಅವಳು ಎಡಗಡೆಯ ಬೆಂಚಿನಿಂದ ಕದಲಲಿಲ್ಲ. ಕೈಗಳನ್ನು ಮಡಿಲಲ್ಲಿಟ್ಟು, ಸಾವಿನ ಮನೆಗೆ ಬಂದವರು ಕೂರುವ ಹಾಗೆ ಕೂತಳು. ರೂಬೆನ್ ಸ್ವಲ್ಪ ಹೊತ್ತು ನಿಂತು, ಆಮೇಲೆ ಅವಳ ಪಕ್ಕ ಬಂದು ಕೂತ. ಹನ್ನೆರಡೂವರೆಗೆ ಅಜ್ಜಿ ಅಜ್ಜನಿಗೆ ಇಂಜೆಕ್ಷನ್ ಕೊಟ್ಟಳು. ಬುರಿತೊ ಬಿಚ್ಚಿದಳು. ಎರಡನ್ನು ಕಾಗದದ ಕರವಸ್ತ್ರದಲ್ಲಿ ಸುತ್ತಿ ನಡುವಿನ ದಾರಿ ದಾಟಿ ಅವರ ಬೆಂಚಿನ ಮೇಲಿಟ್ಟು ಬಂದಳು. ಒರ್ಲಿಂಡಾ ಥ್ಯಾಂಕ್ಸ್ ಹೇಳಲಿಲ್ಲ. ತಿಂದಳು. ಐದು ಗಂಟೆಯವರೆಗೆ ಅವಳ ಮತ್ತು ಅಜ್ಜನ ನಡುವೆ ಒಂದು ಮಾತೂ ಆಗಲಿಲ್ಲ.

ಐದಕ್ಕೆ ಗುಮಾಸ್ತೆ ಹೋಗಬಹುದೆಂದಳು. ಮೆಟ್ಟಿಲಿಳಿಯುವಾಗ ರೂಬೆನ್ ಅಜ್ಜನ ಪಕ್ಕಕ್ಕೆ ಬಂದ. "ತಾತ, ನಾನು..." ಎಂದ.

"ನಾಳಿದ್ದು ಗುರುವಾರ," ಎಂದ ಅಜ್ಜ ಅವನ ಮಾತು ತಪ್ಪಿಸಿ. "ಇರ್ತೀಯಾ?"

"ರಜೆ ಹಾಕ್ತೀನಿ."

"ಬೂಟು ಇದೆಯಾ?"

"ಅಪ್ಪನದು ಇದೆ."

ಗುರುವಾರ ಬೆಳಗ್ಗೆ ನಾನು ಕೆಲಸಕ್ಕೆ ಹೊರಡುವಾಗ ಅಜ್ಜನ ಕೂಗು ಕೇಳಿ ಹೊಲದ ಅಂಚಿಗೆ ಹೋದೆ. ರೂಬೆನ್ ತೂಬಿನಲ್ಲಿ ಮೊಣಕಾಲಿನವರೆಗೆ ನೀರಿನಲ್ಲಿ ನಿಂತು ಹಲಗೆಯ ಜೊತೆ ಗುದ್ದಾಡುತ್ತಿದ್ದ. ಅಜ್ಜ ನಮ್ಮ ಕಡೆಯ ಬದುವಿನ ಮೇಲೆ, ಹತ್ತು ಹೆಜ್ಜೆ ದೂರದಲ್ಲಿ, ಎರಡೂ ಕೈ ಪ್ಯಾಂಟಿನ ಜೇಬಿಗೆ ತುರುಕಿಕೊಂಡು ನಿಂತಿದ್ದ.

"ಎಡಗಡೆ ಮೊದಲು! ಎಡಗಡೆ ಅಂದ್ನಲ್ಲ! ಎಳೀಬೇಡ, ಅಲುಗಿಸು!"

"ಒಂದ್ಸಲ ಕೈ ಹಾಕಿ ತೋರಿಸಿಬಿಡಿ ತಾತ!"

"ತೋರಿಸಲ್ಲ. ಕೋರ್ಟು ಬೇಡ ಅಂದಿದೆ. ಇನ್ನೊಂದ್ಸಲ ಅಲುಗಿಸು."

ಹಲಗೆ ಸಡಿಲವಾಗಿ ಒಮ್ಮೆಲೇ ಮೇಲೆ ಬಂತು. ರೂಬೆನ್ ಹಿಂದಕ್ಕೆ ವಾಲಿ ನೀರಿನಲ್ಲಿ ಕೂತುಬಿಟ್ಟ. ನೀರು ಅವನನ್ನು ಸುತ್ತಿಕೊಂಡು ಲುಹಾನರ ಬೀನ್ಸ್ ಸಾಲುಗಳ ಕಡೆ ಹೊರಟಿತು. ಅಜ್ಜ ಜೇಬಿನಿಂದ ಕೈ ತೆಗೆಯದೆ ಅದು ಮೊದಲ ಸಾಲು ತುಂಬುವವರೆಗೂ ನೋಡಿದ. ಆಮೇಲೆ, "ಈಗ ಏಳು, ಸಲಿಕೆ ತಗೋ," ಎಂದ.